ಬ್ರೌನ್ ಹಾರ್ಸ್: ಒಬ್ಬ ಪೇಟಿ ಮಾಸ್ತರ್ ಕೇಳಿದ ಎರಡು ಆಲ್ಬಂ

ಇಂಗ್ಲೆಂಡಿನ ಬ್ರೌನ್ ಹಾರ್ಸ್ ಅನ್ನೋ ತಂಡದ ಎರಡು ಆಲ್ಬಂ ಬಗ್ಗೆ ಬರೆಯುತ್ತಿದ್ದೇನೆ. ಮೊದಲನೆಯದು 'ರಿಸರ್ವಾಯರ್', 2024ರ ಜನವರಿಯಲ್ಲಿ ಬಂದಿದ್ದು. ಎರಡನೆಯದು 'ಆಲ್ ದ ರೈಟ್ ವೀಕ್‌ನೆಸಸ್', 2025ರ ಏಪ್ರಿಲ್‌ನಲ್ಲಿ ಬಂದಿದ್ದು. ಎರಡನ್ನೂ ದುಡ್ಡು ಕೊಟ್ಟು ಡೌನ್‌ಲೋಡ್ ಮಾಡಿಕೊಂಡಿದ್ದೇನೆ. ಹಾರ್ಮೋನಿಯಂ ಆಗಲಿ, ಕೀಬೋರ್ಡ್ ಆಗಲಿ ನುಡಿಸುವವರು ಮೊದಲನೆಯದನ್ನು ಕೇಳಲೇಬೇಕು ಅಂತ ಈಗಲೇ ಹೇಳಿಬಿಡುತ್ತೇನೆ.

ನಾನು ಬಳ್ಳಾರಿಯವನು. ನಾಟಕಕ್ಕೆ ಪೇಟಿ, ಅಂದರೆ ಹಾರ್ಮೋನಿಯಂ, ನುಡಿಸುವುದು ನನ್ನ ಕೆಲಸ. ಸಿರುಗುಪ್ಪ, ಕುರುಗೋಡು, ಕಂಪ್ಲಿ ಕಡೆಯ ಹಳ್ಳಿಗಳಲ್ಲಿ ಜಾತ್ರೆಗೋ ಹಬ್ಬಕ್ಕೋ ಊರಿನ ಹುಡುಗರು ನಾಟಕ ಕಲಿಯುತ್ತಾರಲ್ಲ, ಅವರಿಗೆ ಹಾಡು ಹೇಳಿಕೊಡುವುದು, ನಾಟಕದ ರಾತ್ರಿ ರಂಗದ ಪಕ್ಕದಲ್ಲಿ ಕೂತು ಬೆಳಗಿನ ತನಕ ನುಡಿಸುವುದು. ಉಳಿದ ದಿನಗಳಲ್ಲಿ ಮನೆಯಲ್ಲೇ ಮಕ್ಕಳಿಗೆ ಪಾಠ. ಇಂಗ್ಲಿಷ್ ಹಾಡು ಕೇಳುವ ಅಭ್ಯಾಸ ನನಗೆ ಅಷ್ಟಾಗಿ ಇರಲಿಲ್ಲ. ನನ್ನ ಹತ್ತಿರ ಕಲಿತ ಒಬ್ಬ ಹುಡುಗ ಎಂಎಸ್ಸಿ ಓದಲು ನಾರ್ವಿಚ್‌ಗೆ ಹೋದ. ಅಲ್ಲಿಂದ ಒಂದು ಹಾಡಿನ ಲಿಂಕ್ ಕಳಿಸಿ, "ಮಾಸ್ತರ್ರೇ, ಇದ್ರಾಗ ನಿಮ್ಮ ಪೇಟಿ ಐತಿ, ಒಂದ್ಸಲ ಕೇಳ್ರಿ" ಅಂತ ವಾಯ್ಸ್ ಮೆಸೇಜ್ ಹಾಕಿದ್ದ. ಆ ತಂಡ ಅದೇ ಊರಿನದು.

ಅದರಲ್ಲಿ ಇದ್ದಿದ್ದು ಅಕಾರ್ಡಿಯನ್. ಆದರೆ ಹುಡುಗ ಹೇಳಿದ್ದು ಸರಿಯಾಗಿಯೇ ಇದೆ. ಅಕಾರ್ಡಿಯನ್‌ಗೆ 1829ರಲ್ಲಿ ವಿಯೆನ್ನಾದಲ್ಲಿ ಪೇಟೆಂಟ್ ಆಯಿತು, ಹಾರ್ಮೋನಿಯಂಗೆ 1840ರ ದಶಕದಲ್ಲಿ ಪ್ಯಾರಿಸ್‌ನಲ್ಲಿ. ಎರಡರದ್ದೂ ಒಂದೇ ವಂಶ. ತಿದಿಯ ಗಾಳಿ ಲೋಹದ ರೀಡಿನ ಮೇಲೆ ಹಾಯಬೇಕು, ರೀಡು ನಡುಗಬೇಕು, ಆಗ ಸ್ವರ. ಒಂದನ್ನು ಎದೆಗೆ ಕಟ್ಟಿಕೊಂಡು ಎರಡೂ ಕೈಯಲ್ಲಿ ಎಳೆಯುತ್ತಾರೆ, ಇನ್ನೊಂದನ್ನು ಮುಂದಿಟ್ಟುಕೊಂಡು ಎಡಗೈಯಲ್ಲಿ ಗಾಳಿ ಹಾಕುತ್ತೇವೆ. ವ್ಯತ್ಯಾಸ ಅಷ್ಟೇ.

ಈ ತಂಡದವರು ಹಾಡುವ ಬಗೆಗೆ ಆಲ್ಟರ್ನೇಟಿವ್ ಕಂಟ್ರಿ ಅನ್ನುತ್ತಾರೆ, ಚಿಕ್ಕದಾಗಿ ಆಲ್ಟ್-ಕಂಟ್ರಿ. ಕಂಟ್ರಿ ಅಂದರೆ ಅಮೆರಿಕದ ದಕ್ಷಿಣದ ಹಳ್ಳಿಗಾಡಿನ ಹಾಡು. ಬ್ಯಾಂಜೋ, ಪಿಟೀಲು, ಸ್ಟೀಲ್ ಗಿಟಾರ್, ಕುಡಿತ, ವಿರಹ, ದೇವರು, ದೂರದ ದಾರಿ. ಅದು ಆಮೇಲೆ ದೊಡ್ಡ ವ್ಯಾಪಾರವಾಯಿತು, ಹೊಳೆಯುವ ಅಂಗಿ ತೊಟ್ಟು ಹಾಡುವ ಮಟ್ಟಕ್ಕೆ ಬಂತು. 1990ರ ಹೊತ್ತಿಗೆ ಇಲಿನಾಯ್ ರಾಜ್ಯದ ಬೆಲ್‌ವಿಲ್ ಅನ್ನೋ ಊರಿನ ಅಂಕಲ್ ಟುಪೆಲೋ ತಂಡದ ಹುಡುಗರು ಹಳೆಯ ಕಂಟ್ರಿಯನ್ನು ತಗೊಂಡು, ಪಂಕ್ ಅನ್ನೋ ಒರಟು ರಾಕ್ ಸಂಗೀತದ ಗಿಟಾರಿನ ಗದ್ದಲ ಸೇರಿಸಿ, ಕೆಲಸ ಇಲ್ಲದ ಊರುಗಳ ಬೇಸರ ಹಾಡಿದರು. ಅಲ್ಲಿಂದ ಈ ದಾರಿಗೆ ಹೆಸರು ಬಂತು. ಬ್ರಿಟನ್‌ನಲ್ಲಿ ಇದು ಹೊಸದೇನಲ್ಲ. ಲೀಡ್ಸ್ ಊರಿನ ಮೆಕಾನ್ಸ್ ತಂಡ 1985ರಲ್ಲೇ ಪಂಕಿಗೆ ಕಂಟ್ರಿ ಬೆರೆಸಿತ್ತು. 90ರ ದಶಕದ ಶುರುವಿನಲ್ಲಿ ಲಂಡನ್ನಿನ ರಾಕಿಂಗ್‌ಬರ್ಡ್ಸ್ ಇದೇ ದಾರಿ ಹಿಡಿದಿದ್ದರು. ಹಾಗಾಗಿ ಬ್ರೌನ್ ಹಾರ್ಸ್‌ನವರಿಗೆ ಹಿಂದೆ ಮನೆತನ ಇದೆ.

ಈಗ ನಾದದ ವಿಷಯಕ್ಕೆ ಬರುತ್ತೇನೆ. ನನಗೆ ಮುಖ್ಯವಾದದ್ದು ಅದೇ.

ಪೇಟಿಗೆ ಒಂದು ಕೊರತೆ ಇದೆ. ಅದರಲ್ಲಿ ಮೀಂಡ್ ಬರುವುದಿಲ್ಲ. ಗ ದಿಂದ ಪ ಕ್ಕೆ ಜಾರಬೇಕು ಅಂದರೆ ಆಗದು, ಒಂದು ಮನೆ (ಕೀ) ಬಿಟ್ಟು ಇನ್ನೊಂದು ಮನೆಗೆ ಹಾರಲೇಬೇಕು. ಇದೇ ಕಾರಣ ಹೇಳಿ ಆಕಾಶವಾಣಿಯವರು 1940ರಲ್ಲಿ ಹಾರ್ಮೋನಿಯಂ ಅನ್ನೇ ಬಂದ್ ಮಾಡಿದ್ದರು. 1971ರ ತನಕ ಅದಕ್ಕೆ ಬಾಗಿಲು ತೆರೆಯಲಿಲ್ಲ. ಆದರೆ ನಾಟಕದವರು ಪೇಟಿಯನ್ನು ಬಿಡಲಿಲ್ಲ. ಯಾಕೆ? ಜಾರುವ ಕೆಲಸಕ್ಕೆ ಹಾಡುವವರ ಗಂಟಲು ಇದೆ. ಪೇಟಿ ಕೆಳಗೆ ನೆಲ ಹಿಡಿದುಕೊಂಡಿರುತ್ತದೆ, ಅದರ ಮೇಲೆ ಗಂಟಲು ಬೇಕಾದ ಹಾಗೆ ಓಡಾಡುತ್ತದೆ. ನಮ್ಮ ಊರಿನ ಸುಭದ್ರಮ್ಮ ಮನ್ಸೂರ್ ಅವರ ರಂಗಗೀತೆ ಕೇಳಿದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಅವರು ಮೇಲಿನ ಷಡ್ಜಕ್ಕೆ ಹೋಗಿ ನಿಂತಾಗ ಪೇಟಿಯವನು ಬೆರಳು ಆಡಿಸದೆ ಸುಮ್ನೆ ಸ್ವರ ಹಿಡಿದು ಕೂರಬೇಕು. ಆ ಸುಮ್ಮನಿರುವುದನ್ನು ಕಲಿಯುವುದಕ್ಕೆ ವರ್ಷಗಳು ಬೇಕು.

'ರಿಸರ್ವಾಯರ್'ನಲ್ಲಿ ರೋವನ್ ಬ್ರಹಾಮ್ ಅಕಾರ್ಡಿಯನ್ ನುಡಿಸುತ್ತಾರೆ. ಅವರಿಗೆ ಈ ಸುಮ್ಮನಿರುವ ವಿದ್ಯೆ ಗೊತ್ತಿದೆ. ವೇಗದ ತಾನ್ ಹೊಡೆದು ತೋರಿಸುವ ಚಪಲ ಇಲ್ಲ. ಒಂದು ಸ್ವರ, ಎರಡು ಸ್ವರ ಒತ್ತಿ ಹಿಡಿದು ಗಾಳಿಯನ್ನು ನಿಧಾನಕ್ಕೆ ಜಾಸ್ತಿ ಮಾಡುತ್ತಾರೆ, ನಿಧಾನಕ್ಕೆ ಇಳಿಸುತ್ತಾರೆ. ಹೆಡ್‌ಫೋನ್ ಹಾಕಿಕೊಂಡು ಕೇಳಿದರೆ ಆ ಏರಿಳಿತ ಸ್ಪಷ್ಟವಾಗಿ ಸಿಗುತ್ತದೆ. ಸ್ವರ ಬದಲಾಗದೆ ಭಾವ ಬದಲಾಗುವುದು ಅಂದರೆ ಇದೇ. ನನ್ನ ಹತ್ತಿರ ಬರುವ ಮಕ್ಕಳಿಗೆ ಬೆರಳು ಎಷ್ಟು ಬೇಗ ಓಡುತ್ತದೆ ಅನ್ನುವುದರ ಮೇಲೇ ಗಮನ. ಎಡಗೈ ಮಾತ್ರ ಪಂಪ್ ಹೊಡೆಯುವ ಹಾಗೆ ಒಂದೇ ಸಮ ಆಡುತ್ತಿರುತ್ತದೆ. ಅವರಿಗೆ ಈ ಆಲ್ಬಂ ಹಾಕಿ ಕೇಳಿಸಿದೆ. ಒಬ್ಬಳು ಹುಡುಗಿ, "ಸರ್, ಇವ್ರು ಜಾಸ್ತಿ ಏನೂ ನುಡಿಸ್ತಾನೇ ಇಲ್ಲ, ಆದ್ರೂ ತುಂಬಿದಂಗ ಐತಿ" ಅಂದಳು. ಸರಿಯಾಗಿ ಹಿಡಿದಳು ಅನ್ನಿಸಿ ಬಹಳ ಖುಷಿ ಆಯಿತು.

ಹಾಗಾದರೆ ಜಾರುವ ಕೆಲಸ ಯಾರದ್ದು? ಎಮ್ಮಾ ಟೋವೆಲ್ ಅವರ ಸ್ಟೀಲ್ ಗಿಟಾರಿನದ್ದು. ಇದು ಹವಾಯಿ ದ್ವೀಪದಲ್ಲಿ 19ನೇ ಶತಮಾನದ ಕೊನೆಗೆ ಬೆಳೆದ ವಿದ್ಯೆ. ಗಿಟಾರನ್ನು ಅಡ್ಡ ಮಲಗಿಸಿ, ತಂತಿಯ ಮೇಲೆ ಉಕ್ಕಿನ ತುಂಡು ಜಾರಿಸುತ್ತಾ ನುಡಿಸುವುದು. ಅಮೆರಿಕಕ್ಕೆ ಹೋಗಿ ಕಂಟ್ರಿ ಹಾಡಿನ ಗುರುತೇ ಆಗಿಬಿಟ್ಟಿತು. ಅತ್ತ ನಮ್ಮ ದೇಶಕ್ಕೂ ಬಂತು. ಹಳೆಯ ಹಿಂದಿ ಸಿನಿಮಾ ಹಾಡುಗಳಲ್ಲಿ ಅಳುವ ಹಾಗೆ ಜಾರುತ್ತದಲ್ಲ ಒಂದು ಗಿಟಾರ್, ಅದೇ ಇದು. ನಮ್ಮ ಕಡೆಯ ಆರ್ಕೆಸ್ಟ್ರಾದವರು ಹವಾಯಿಯನ್ ಗಿಟಾರ್ ಅನ್ನುತ್ತಿದ್ದರು. ವಿಶ್ವಮೋಹನ ಭಟ್ಟರು ಇದೇ ಜಾತಿಯ ಗಿಟಾರಿಗೆ ತಾನಾಗಿಯೇ ಮಿಡಿಯುವ ತರಬಿನ ತಂತಿ ಸೇರಿಸಿ ಮೋಹನ ವೀಣೆ ಮಾಡಿದರು, ಅಮೆರಿಕದ ರೈ ಕೂಡರ್ ಜೊತೆ ನುಡಿಸಿ 1994ರಲ್ಲಿ ಗ್ರ್ಯಾಮಿ ತಗೊಂಡರು. ಹಾಗಾಗಿ ಈ ನಾದ ನಮ್ಮ ಕಿವಿಗೆ ಅಪರಿಚಿತ ಅಲ್ಲವೇ ಅಲ್ಲ.

ಅಕಾರ್ಡಿಯನ್ ಕೆಳಗೆ ನಿಂತ ಸ್ವರ, ಅದರ ಮೇಲೆ ಸ್ಟೀಲಿನ ಜಾರುವ ಸ್ವರ. ಈ ಎರಡೂ ಸೇರುವ ಜಾಗಗಳೇ ಈ ಆಲ್ಬಂನ ಜೀವ. ಸ್ಟೀಲ್ ಕೆಳಗಿನಿಂದ ಏರಿ ಬಂದು ಅಕಾರ್ಡಿಯನ್ ಹಿಡಿದ ಸ್ವರವನ್ನು ಮುಟ್ಟುತ್ತದೆ. ಮುಟ್ಟುವ ಮುಂಚೆ ಒಂದು ಕ್ಷಣ ಎರಡೂ ಸ್ವಲ್ಪ ಬೇರೆ ಬೇರೆ ಇರುತ್ತವೆ, ಆಗ ನಾದದೊಳಗೆ ಒಂದು ತೆಳ್ಳನೆಯ ನಡುಕ ಏಳುತ್ತದೆ. ತಂಬೂರಿ ಶ್ರುತಿ ಮಾಡುವಾಗ ಎರಡು ತಂತಿ ಒಂದಾಗುವ ಮುಂಚೆ ಕೇಳುತ್ತದಲ್ಲ, ಅದೇ ನಡುಕ. ಆಮೇಲೆ ಕೂಡಿಕೊಳ್ಳುತ್ತದೆ. ಇದನ್ನು ಲೆಕ್ಕ ಹಾಕಿ ಮಾಡುವುದಕ್ಕೆ ಬರುವುದಿಲ್ಲ. ಪಕ್ಕದವರ ಕೈ ನೋಡುತ್ತಾ, ಉಸಿರು ಕೇಳುತ್ತಾ, ಬಹಳ ದಿನ ಜೊತೆಗೆ ನುಡಿಸಿದವರಿಗೆ ಮಾತ್ರ ಬರುತ್ತದೆ.

ಹಾಡುವವರಲ್ಲಿ ಮುಖ್ಯ ದನಿ ಪ್ಯಾಟ್ರಿಕ್ ಟರ್ನರ್ ಅವರದ್ದು. ಒಳ್ಳೆಯ ಕಂಠ ಅಂತ ನಾವು ಯಾವುದಕ್ಕೆ ಅನ್ನುತ್ತೇವೋ ಅಂಥದ್ದಲ್ಲ. ಸ್ವಲ್ಪ ಒಡಕು, ಸ್ವಲ್ಪ ನಡುಕ, ಮಾತನ್ನು ಎಳೆದು ಹೇಳುವ ರೀತಿ. ಮೊದಲ ಸಲ ಕೇಳುವವರಿಗೆ ಇದು ತೊಡಕಾಗಬಹುದು. ಆದರೆ ನಾಟಕದಲ್ಲಿ ರಾತ್ರಿ ಎರಡು ಗಂಟೆ ಮೇಲೆ ಗಂಟಲು ಕಟ್ಟಿದ ಕಲಾವಿದ ಅದೇ ಗಂಟಲಲ್ಲಿ ದುಃಖದ ಹಾಡು ಹೇಳಿದಾಗ ಜನ ಹೆಂಗೆ ಕೂತು ಕೇಳುತ್ತಾರೆ ಅಂತ ನಾನು ನೋಡಿದ್ದೇನೆ. ಪ್ಯಾಟ್ರಿಕ್ ಅವರ ದನಿಗೂ ಆ ಗುಣ ಇದೆ. ಫೀಬಿ ಟ್ರೂಪ್ ಅವರು ಜೊತೆಗೂಡಿ ಹಾಡುವಾಗ ದನಿಗೆ ಇನ್ನೊಂದು ಬಣ್ಣ ಬರುತ್ತದೆ. ಬ್ಯಾಂಜೋ ಕೂಡ ಅವರದ್ದೇ. ಗಿಟಾರ್ ಮತ್ತು ಬಾಸ್‌ನಲ್ಲಿ ನೈಲ್ ಹಾಲಿಹನ್ ಇದ್ದಾರೆ. ಡ್ರಮ್ಸ್ ಬೆನ್ ಆಲ್ಡ್. ಡ್ರಮ್ಸಿನವರು ಲಯ ಓಡಿಸುವುದಿಲ್ಲ, ವಿಳಂಬವನ್ನು ವಿಳಂಬವಾಗಿಯೇ ಬಿಡುತ್ತಾರೆ. ಇದೂ ಅಪರೂಪ.

ಒಂದು ಹಾಡಿನ ಬಗ್ಗೆ ಬಿಡಿಯಾಗಿ ಹೇಳಬೇಕು. ಹೆಸರು 'ಪಾಲ್ ಗಿಲ್ಲಿ'. ಪಾಲ್ ಗಿಲ್ಲಿ ಅಮೆರಿಕದ ಕೆಂಟಕಿಯವನು, 1957ರಲ್ಲಿ ನೀರಲ್ಲಿ ಮುಳುಗಿ ತೀರಿಹೋದ. ಮೂವತ್ತು ವರ್ಷವೂ ಆಗಿರಲಿಲ್ಲ. ಕಂಟ್ರಿ ಹಾಡಿನ ದೊಡ್ಡ ಹೆಸರು ಹ್ಯಾಂಕ್ ವಿಲಿಯಮ್ಸ್ ಅವರ ಕೆಲವು ಪ್ರಸಿದ್ಧ ಹಾಡುಗಳ ಸಾಹಿತ್ಯ ಬರೆದು ಮಾರಿದ್ದು ಇವನೇ ಅಂತ ಒಂದು ವಾದ ಇದೆ. ಒಪ್ಪುವವರೂ ಇದ್ದಾರೆ, ಒಪ್ಪದವರೂ ಇದ್ದಾರೆ. ನಾರ್ವಿಚ್‌ನ ಹುಡುಗರು ಇಷ್ಟು ದೂರದ, ಹೆಸರು ಸಿಗದೆ ಹೋದ ಒಬ್ಬ ಮನುಷ್ಯನ ಹೆಸರಿಟ್ಟು ಹಾಡು ಕಟ್ಟಿದ್ದಾರೆ.

ನನ್ನ ಮನಸ್ಸು ಇಲ್ಲಿ ಬಹಳ ಹೊತ್ತು ನಿಂತಿತು. ನಮ್ಮ ಕಡೆ ನಾಟಕದ ಹಾಡು ಬರೆದವರು ಎಷ್ಟು ಜನ! ಊರಿನ ಮಾಸ್ತರು ಒಂದು ಮಟ್ಟು ಹಿಡಿದು, ಪಾತ್ರಕ್ಕೆ ತಕ್ಕ ಹಾಗೆ ಹೊಸ ಮಾತು ಕೂಡಿಸಿ, ನೋಟ್‌ಬುಕ್ಕಿನಲ್ಲಿ ಬರೆದು ಕೊಡುತ್ತಾರೆ. ಆ ನೋಟ್‌ಬುಕ್ಕು ಕೈಯಿಂದ ಕೈಗೆ ಹೋಗುತ್ತದೆ. ಮರಿಯಮ್ಮನಹಳ್ಳಿಯಿಂದ ಬರುವ ಕಲಾವಿದೆಯರ ಬಾಯಲ್ಲಿ ಆ ಹಾಡು ಹತ್ತೂರು ತಿರುಗುತ್ತದೆ. ಒನ್ಸ್ ಮೋರ್ ಬೀಳುತ್ತದೆ, ಹಾಡಿದವರಿಗೆ ಜನ ಆಹೇರಿ ಕೊಡುತ್ತಾರೆ. ಬರೆದವರ ಹೆಸರು ಯಾರಿಗೂ ಬೇಕಾಗಿಲ್ಲ. ನನಗೆ ಕಲಿಸಿದ ಗುರುಗಳ ಹಾಡುಗಳನ್ನು ಇವತ್ತೂ ಹಳ್ಳಿಗಳಲ್ಲಿ ಹಾಡುತ್ತಾರೆ. ಹ್ಯಾಂಡ್‌ಬಿಲ್ಲಿನಲ್ಲಿ ದಾನಿಗಳ ಫೋಟೋ ಇರುತ್ತದೆ, ಗ್ರಾಮ ಪಂಚಾಯಿತಿ ಸದಸ್ಯರ ಫೋಟೋ ಇರುತ್ತದೆ, ಹಾಡು ಬರೆದವರ ಒಂದು ಸಾಲೂ ಇರುವುದಿಲ್ಲ. ಇದು ನನಗೆ ಹಳೆಯ ನೋವು. ಹಾಗಾಗಿ ಈ ಹಾಡನ್ನು ನಾನು ಬೇರೆಯದೇ ಕಿವಿಯಲ್ಲಿ ಕೇಳುತ್ತೇನೆ.

ತಂಡ ಬೆಳೆದು ಬಂದ ರೀತಿಯೂ ಗಮನಿಸುವ ಹಾಗಿದೆ. 2018ರ ಸುಮಾರಿಗೆ ನಾಲ್ಕು ಜನ ಸೇರಿ ಜಾನಪದ ಶೈಲಿಯಲ್ಲಿ ಹಾಡಲು ಶುರು ಮಾಡಿದರು. ನಿಧಾನಕ್ಕೆ ಆರು ಜನ ಆದರು, ಕರೆಂಟಿನ ಗಿಟಾರ್ ಬಂತು, ಡ್ರಮ್ಸ್ ಬಂತು. ಮೊದಲ ಆಲ್ಬಂ ಬರುವ ಹೊತ್ತಿಗೆ ಐದಾರು ವರ್ಷ ಕಳೆದಿತ್ತು. ಹೊರತಂದವರು ಲಂಡನ್ನಿನ ಲೂಸ್ ಮ್ಯೂಸಿಕ್ ಅನ್ನೋ ಸಣ್ಣ ಕಂಪನಿ. 1998ರಿಂದ ಇದೇ ಬಗೆಯ ಸಂಗೀತವನ್ನು, ಅದರಲ್ಲೂ ಅಮೆರಿಕದವರದ್ದನ್ನು, ಯುರೋಪಿಗೆ ತಂದು ಕೇಳಿಸುತ್ತಾ ಬಂದವರು ಅವರು. ಅಮೆರಿಕದ ಹಾಡನ್ನು ಇಷ್ಟು ವರ್ಷ ಸೋಸಿ ಸೋಸಿ ಆರಿಸಿದ ಕಿವಿ, ತಮ್ಮದೇ ದೇಶದ ಎಳೆಯರನ್ನು ಆರಿಸಿತು ಅಂದರೆ ಸಣ್ಣ ಮಾತಲ್ಲ. ರೆಕಾರ್ಡಿಂಗ್‌ಗೂ ಇವರು ದೊಡ್ಡ ಊರಿಗೆ ಓಡಲಿಲ್ಲ, ತಮ್ಮದೇ ನಾರ್ಫಕ್ ಸೀಮೆಯ ಸ್ಟುಡಿಯೋದಲ್ಲಿ ಮಾಡಿದರು.

ನಾರ್ವಿಚ್ ಲಂಡನ್ನಿಗೆ ನೂರಾರವತ್ತು ಕಿಲೋಮೀಟರ್ ದೂರದ ಹಳೆಯ ಊರು. ಒಂದು ಕಾಲಕ್ಕೆ ಉಣ್ಣೆ ನೇಯ್ಗೆಯಿಂದ ಸಿರಿವಂತವಾಗಿತ್ತು. ಸುತ್ತಲೂ ಬಯಲು, ಕೆರೆ, ಜೌಗು. ಸಂಗೀತದ ವ್ಯಾಪಾರ ನಡೆಯುವ ಪೇಟೆಯಿಂದ ದೂರ. ಇಂಥ ಕಡೆ ತಂಡಗಳಿಗೆ ಸಮಯ ಸಿಗುತ್ತದೆ ಅಂತ ನನ್ನ ನಂಬಿಕೆ. ಬೆಂಗಳೂರಿಗೆ ಹೋದ ನಮ್ಮ ಎಷ್ಟು ಜನ ಒಳ್ಳೆಯ ವಾದ್ಯದವರು ರಿಯಾಲಿಟಿ ಶೋದ ಬ್ಯಾಂಡ್‌ನಲ್ಲಿ ಒಬ್ಬರಾಗಿ ಕಳೆದುಹೋದರು. ಊರಲ್ಲೇ ಇದ್ದು ಐದಾರು ವರ್ಷ ಒಂದೇ ಕೋಣೆಯಲ್ಲಿ ಕೂತು ನುಡಿಸಿದರೆ ಏನಾಗುತ್ತದೆ ಅನ್ನುವುದಕ್ಕೆ 'ರಿಸರ್ವಾಯರ್' ಸಾಕ್ಷಿ. ನಮ್ಮ ಹುಡುಗರಿಗೆ ಇದನ್ನು ಮತ್ತೆ ಮತ್ತೆ ಹೇಳುತ್ತೇನೆ.

ಇನ್ನು ಎರಡನೇ ಆಲ್ಬಂ. ಮೊದಲನೆಯದು ಬಂದ ಮೇಲೆ ಇವರು ಊರೂರು ತಿರುಗಿದರು. 'ಆಲ್ ದ ರೈಟ್ ವೀಕ್‌ನೆಸಸ್' ಆ ತಿರುಗಾಟದ ನಡುವೆ ಹುಟ್ಟಿದ ಹಾಡುಗಳದ್ದು. ಅದು ಕೇಳಿದ ತಕ್ಷಣ ಗೊತ್ತಾಗುತ್ತದೆ. ಗಿಟಾರು ಜೋರಾಗಿದೆ, ಲಯ ಬಿಗಿಯಾಗಿದೆ, ನೂರಾರು ಜನರ ಮುಂದೆ ನಿಂತು ನುಡಿಸಿ ಬಂದ ಧೈರ್ಯ ಇದೆ. ತಂಡ ಮೇಲೆ ಹೋಗುತ್ತಿದೆ ಅಂತ ಪತ್ರಿಕೆಯವರು ಬರೆಯುವುದಕ್ಕೆ ಇದೇ ಕಾರಣ ಇರಬೇಕು. ಇದರಲ್ಲಿ 'ಟೂಮ್‌ಲ್ಯಾಂಡ್' ಅಂತ ಒಂದು ಹಾಡಿದೆ. ಅದು ನಾರ್ವಿಚ್‌ನಲ್ಲೇ ಇರುವ ಜಾಗ, ಅಲ್ಲಿನ ದೊಡ್ಡ ಇಗರ್ಜಿಯ ಹತ್ತಿರ, ಒಂದು ಸಾವಿರ ವರ್ಷದ ಹಿಂದೆ ಸಂತೆ ನಡೆಯುತ್ತಿದ್ದ ಬಯಲು. ಅಮೆರಿಕದ ವಾದ್ಯ, ಅಮೆರಿಕದ ಧಾಟಿ, ಹೆಸರು ಮಾತ್ರ ತಮ್ಮ ಊರಿನ ಬೀದಿಯದ್ದು. ನನ್ನ ಶಿಷ್ಯ ಆ ಬೀದಿಯಲ್ಲಿ ದಿನಾ ಓಡಾಡುತ್ತಿದ್ದನಂತೆ.

ಆದರೆ ನನಗೆ ಒಂದು ತಕರಾರಿದೆ. ಗಿಟಾರಿನ ಗದ್ದಲ ಏರಿದ ಹಾಗೆಲ್ಲಾ ಅಕಾರ್ಡಿಯನ್ ಹಿಂದಕ್ಕೆ ಸರಿದಿದೆ. ಕೆಲವು ಕಡೆ ಅದು ಇದೆಯೋ ಇಲ್ಲವೋ ಅಂತ ಕಿವಿ ಕೊಟ್ಟು ಹುಡುಕಬೇಕು. ನಮ್ಮಲ್ಲೂ ಇದೇ ಆಗಿದ್ದು. ಕೀಬೋರ್ಡು, ರಿದಂ ಪ್ಯಾಡು ಬಂದ ಮೇಲೆ ನಾಟಕದಲ್ಲಿ ಪೇಟಿಯ ಮೈಕನ್ನು ಸೌಂಡಿನವರು ಸಣ್ಣಗೆ ಮಾಡಿಬಿಡುತ್ತಾರೆ. ಮುಂದೆ ಕೂತವರಿಗೆ ಜೋಶ್ ಬರುತ್ತದೆ ನಿಜ. ಆದರೆ ಹಾಡುವವರಿಗೆ ಹಿಡಿದುಕೊಳ್ಳುವುದಕ್ಕೆ ಸ್ವರ ಸಿಗುವುದಿಲ್ಲ, ದನಿ ಏರಿಸಿ ಏರಿಸಿ ಕೂಗುತ್ತಾರೆ. ಪ್ಯಾಟ್ರಿಕ್ ಅವರೂ ಎರಡನೇ ಆಲ್ಬಂನ ಒಂದೆರಡು ಕಡೆ ಹೀಗೆ ದನಿ ತಳ್ಳುತ್ತಿದ್ದಾರೆ ಅನ್ನಿಸಿತು. ಮುಂದಿನ ಆಲ್ಬಂಗಳಲ್ಲಿ ರೋವನ್ ಅವರ ಅಕಾರ್ಡಿಯನ್ ಮತ್ತೆ ಮುಂದಕ್ಕೆ ಬರಲಿ ಅನ್ನುವುದು ನನ್ನ ಆಸೆ.

ಸಾಹಿತ್ಯದ ಬಗ್ಗೆ ನಾನು ಜಾಸ್ತಿ ಹೇಳುವುದಿಲ್ಲ. ಎಳೆದು ಹಾಡುವ ಇಂಗ್ಲಿಷ್ ನನಗೆ ಒಂದೇ ಏಟಿಗೆ ತಿಳಿಯುವುದಿಲ್ಲ, ಶಿಷ್ಯನ ಹತ್ತಿರ ಕೇಳಿ ಕೇಳಿ ತಿಳಿದುಕೊಂಡೆ. ಕಥೆಯನ್ನು ಪೂರ್ತಿ ಹೇಳದೆ, ಒಂದೊಂದು ಚಿತ್ರ ಇಟ್ಟು ಮುಂದೆ ಹೋಗುವ ಬರವಣಿಗೆ. ಬರೆಯುವವರು ಒಬ್ಬರೇ ಅಲ್ಲದ ಕಾರಣ ಹಾಡಿನಿಂದ ಹಾಡಿಗೆ ಮನಸ್ಸಿನ ಬಣ್ಣ ಬದಲಾಗುತ್ತದೆ, ಆದರೆ ವಾದ್ಯಗಳು ಅವೇ ಇರುವುದರಿಂದ ಚದುರುವುದಿಲ್ಲ.

ಕೊಳ್ಳುವ ವಿಷಯ. ನಾನು ಬ್ಯಾಂಡ್‌ಕ್ಯಾಂಪ್ ಅನ್ನೋ ಸೈಟಿನಿಂದ ತಗೊಂಡೆ. 2008ರಿಂದ ಇರುವ ಸೈಟು. ಡಿಜಿಟಲ್ ಆಲ್ಬಂ ಮಾರಿದರೆ ಅವರು ಇಟ್ಟುಕೊಳ್ಳುವುದು ಸಾಮಾನ್ಯವಾಗಿ ಶೇ. 15, ಎಲ್‌ಪಿ (ಗ್ರಾಮಫೋನ್ ತಟ್ಟೆ), ಟೀಶರ್ಟ್ ಥರದ ವಸ್ತುಗಳಿಗೆ ಶೇ. 10. ಉಳಿದಿದ್ದು, ಪೇಮೆಂಟ್ ಖರ್ಚು ಕಳೆದು, ಹಾಡಿನವರಿಗೆ ಅಥವಾ ಅವರ ಕಂಪನಿಗೆ ಹೋಗುತ್ತದೆ. ಅತ್ತ ಸ್ಪಾಟಿಫೈನಲ್ಲಿ 2024ರಿಂದ ಒಂದು ಹಾಡು ವರ್ಷಕ್ಕೆ ಕನಿಷ್ಠ 1,000 ಸಲ ಓಡದಿದ್ದರೆ ಅದಕ್ಕೆ ರಾಯಲ್ಟಿಯೇ ಇಲ್ಲ. ಸಣ್ಣ ತಂಡಗಳನ್ನು ಉಳಿಸಬೇಕು ಅನ್ನುವವರು ಈ ಲೆಕ್ಕ ಮನಸ್ಸಿನಲ್ಲಿ ಇಟ್ಟುಕೊಳ್ಳಿ. ಬ್ಯಾಂಡ್‌ಕ್ಯಾಂಪ್ ಫ್ರೈಡೇ ಅಂತ ಕೆಲವು ಶುಕ್ರವಾರ ತಮ್ಮ ಪಾಲನ್ನೂ ಬಿಟ್ಟುಕೊಡುತ್ತಾರೆ, 2020ರ ಮಾರ್ಚ್‌ನಲ್ಲಿ ಕೊರೊನಾ ಹೊತ್ತಿಗೆ ಶುರು ಮಾಡಿದ ಪದ್ಧತಿ. ಸೈಟು 2022ರಲ್ಲಿ ಎಪಿಕ್ ಗೇಮ್ಸ್ ಅನ್ನೋ ವಿಡಿಯೋ ಗೇಮ್ ಕಂಪನಿಯ ಕೈಗೆ, 2023ರಲ್ಲಿ ಸಾಂಗ್‌ಟ್ರೇಡರ್ ಅನ್ನೋ ಸಂಗೀತದ ಕಂಪನಿಯ ಕೈಗೆ ಹೋಯಿತು. ಮಾರಾಟದ ಹೊತ್ತಿಗೆ ಅರ್ಧದಷ್ಟು ನೌಕರರಿಗೆ ಕೆಲಸ ಹೋಗಿದ್ದು ಬೇಸರದ ವಿಷಯ. ಸೇವೆ ಮಾತ್ರ ನನಗೆ ಚೆನ್ನಾಗಿಯೇ ಸಿಕ್ಕಿತು.

ದುಡ್ಡು ಕಟ್ಟುವಾಗ ಯುಪಿಐ ನನಗೆ ಕಾಣಲಿಲ್ಲ, ಕಾರ್ಡಿನಲ್ಲಿ ಕಟ್ಟಿದೆ. ಮೊದಲು ಹೋಗಲೇ ಇಲ್ಲ. ಬ್ಯಾಂಕಿನ ಸಹಾಯವಾಣಿಗೆ ಫೋನ್ ಮಾಡಿದರೆ ಕಾರ್ಡೇ ಸರಿಯಿಲ್ಲ, ಬದಲಾಯಿಸಿ ಅಂದರು. ವಿಷಯ ಅದಲ್ಲ. 2020ರ ಮಾರ್ಚ್‌ನಿಂದ ರಿಸರ್ವ್ ಬ್ಯಾಂಕ್ ನಿಯಮದ ಪ್ರಕಾರ ಹೊಸ ಕಾರ್ಡುಗಳಲ್ಲಿ ವಿದೇಶಿ ವ್ಯವಹಾರ ಬಂದ್ ಆಗಿಯೇ ಬರುತ್ತದೆ. ಬ್ಯಾಂಕಿನ ಆ್ಯಪ್‌ನಲ್ಲಿ ಕಾರ್ಡ್ ಸೆಟ್ಟಿಂಗ್ ಒಳಗೆ ಹೋಗಿ ಅದನ್ನು ಆನ್ ಮಾಡಿ, ಮಿತಿ ಹಾಕಿ, ಕೊಂಡ ಮೇಲೆ ಮತ್ತೆ ಆಫ್ ಮಾಡಿ. ವಿದೇಶಿ ವ್ಯವಹಾರದ ಚಾರ್ಜ್ ಸೇರಿ ಒಂದು ಆಲ್ಬಂಗೆ ನನಗೆ ಸಾವಿರದ ಹತ್ತಿರ ಬಂತು. ಎಲ್‌ಪಿ ತರಿಸಿದರೆ ಅಂಚೆ ಖರ್ಚು, ಕಸ್ಟಮ್ಸ್ ಎಲ್ಲಾ ಸೇರಿ ಕೈ ಸುಡುತ್ತದೆ, ನಾನು ಆ ಆಸೆ ಬಿಟ್ಟೆ.

ಡೌನ್‌ಲೋಡ್ ಮಾಡುವಾಗ ಯಾವ ಬಗೆಯ ಫೈಲು ಬೇಕು, ಎಂಪಿ3ಯೋ ಫ್ಲಾಕೋ ಅಂತ ಕೇಳುತ್ತದೆ. ಫ್ಲಾಕ್ ತಗೊಳ್ಳಿ. ಫೈಲು ದೊಡ್ಡದು, ಆದರೆ ಅಕಾರ್ಡಿಯನ್‌ನ ಉಸಿರು, ಬಾಸಿನ ಕೆಳಸ್ವರ ಚೆನ್ನಾಗಿ ಉಳಿಯುತ್ತದೆ. ಮೊಬೈಲ್ ಸ್ಪೀಕರಿನಲ್ಲಿ ಈ ಆಲ್ಬಂ ಕೇಳಬೇಡಿ, ಸ್ಟೀಲ್ ಗಿಟಾರ್ ಒಂದೇ ಕೀಚಲಾಗಿ ಕೇಳಿಸಿ ಉಳಿದಿದ್ದೆಲ್ಲಾ ಹೋಗಿಬಿಡುತ್ತದೆ. ಐದುನೂರು ರೂಪಾಯಿಯ ವೈರ್ ಹೆಡ್‌ಫೋನ್ ಸಾಕು. ಬಳ್ಳಾರಿಯ ಬೇಸಿಗೆಯಲ್ಲಿ ಹಗಲು ಫ್ಯಾನ್ ಸದ್ದಿನ ನಡುವೆ ಇದರ ಸಣ್ಣ ಸ್ವರಗಳು ಸಿಗುವುದಿಲ್ಲ. ರಾತ್ರಿ ಊಟ ಆದ ಮೇಲೆ ಮಾಳಿಗೆ ಮೇಲೆ ಹೋಗಿ ಕೇಳುವುದು ವಾಸಿ.

ಎರಡರಲ್ಲಿ ಒಂದೇ ಕೊಳ್ಳುವುದಾದರೆ 'ರಿಸರ್ವಾಯರ್' ಕೊಳ್ಳಿ. ರಾಕ್ ಕೇಳಿ ಬೆಳೆದ ಹುಡುಗರಿಗೆ ಎರಡನೆಯದೇ ಬೇಗ ಹಿಡಿಸಬಹುದು, ಅವರು ಅಲ್ಲಿಂದ ಹಿಂದಕ್ಕೆ ಬರಲಿ. ಕೊಳ್ಳುವ ಮುಂಚೆ ಬ್ಯಾಂಡ್‌ಕ್ಯಾಂಪ್ ಪುಟದಲ್ಲೇ ಪುಕ್ಕಟೆ ಕೇಳಿ ನೋಡಬಹುದು. ಅಲ್ಲಿ 'ಪಾಲ್ ಗಿಲ್ಲಿ' ಹಾಡಿನಿಂದ ಶುರು ಮಾಡಿ.